ಕೋರ್ಟ್ ಆದೇಶದಲ್ಲಿ ಕೈತಪ್ಪು: ಎಲ್ಲಿ ಹುಟ್ಟಿತು ಅಂತ ಹುಡುಕಿ, ಹೇಗೆ ತಿದ್ದಿಸಬೇಕು?

ನಮ್ಮ ತಂದೆಗೆ ಪಾಲಿನ ದಾವೆಯಲ್ಲಿ ಡಿಕ್ರಿ ಆದ ದಿನ ಮನೆಯಲ್ಲಿ ಹೋಳಿಗೆ ಮಾಡಿದ್ದೆವು. ಡಿಕ್ರಿ ಅಂದರೆ ತೀರ್ಪಿನಂತೆ ಯಾರಿಗೆ ಏನು ಸಿಕ್ಕಿತು ಅಂತ ಹೇಳುವ ಕೋರ್ಟಿನ ಕಾಗದ. ಎಷ್ಟೋ ವರ್ಷ ವಾಯಿದೆಗೆ ಅಲೆದ ಮೇಲೆ ಸಿಕ್ಕಿದ್ದು ಅದು. ತಂದೆ ಅದನ್ನು ದೇವರ ಮುಂದೆ ಇಟ್ಟು, ಆಮೇಲೆ ಟ್ರಂಕಿನಲ್ಲಿ ಭದ್ರ ಮಾಡಿದರು. ಒಂಬತ್ತು ವರ್ಷ ಯಾರೂ ಅದನ್ನು ತೆಗೆದು ಓದಲಿಲ್ಲ. ತಂದೆ ತೀರಿಕೊಂಡ ಮೇಲೆ ಖಾತೆ ಬದಲಾಯಿಸಲು ಹೋದಾಗ ಕಚೇರಿಯಲ್ಲಿ ಕೇಳಿದರು, "ಡಿಕ್ರಿಯಲ್ಲಿ ಸರ್ವೆ ನಂಬರ್ 121/3 ಇದೆ. ನೀವು ಹೇಳ್ತಿರೋ ಜಮೀನು 112/3. ಯಾವುದು ಸರಿ?" ಎರಡು ಅಂಕಿ ಅದಲುಬದಲಾಗಿದ್ದವು, ಅಷ್ಟೇ. ಆದರೆ ಕಾಗದದ ಪ್ರಕಾರ ನಾವು ಗೆದ್ದಿದ್ದು ಬೇರೆ ಯಾರದೋ ಜಮೀನನ್ನು.

ಅದನ್ನು ಸರಿಪಡಿಸಿಕೊಂಡೆವು. ಈ ಓಡಾಟದಲ್ಲಿ ಒಂದು ಮಾತು ಮನಸ್ಸಿಗೆ ಗಟ್ಟಿಯಾಗಿ ಕೂತಿದೆ. ಅರ್ಜಿ ಬರೆಯುವ ಮೊದಲು ತಪ್ಪು ಎಲ್ಲಿ ಹುಟ್ಟಿತು ಅಂತ ಹುಡುಕಬೇಕು. ನಕಲಿನಲ್ಲೋ, ಡಿಕ್ರಿಯಲ್ಲೋ, ತೀರ್ಪಿನಲ್ಲೋ, ನಮ್ಮದೇ ದಾವಾ ಪತ್ರದಲ್ಲೋ, ಅದಕ್ಕೂ ಹಿಂದಿನ ಕ್ರಯಪತ್ರದಲ್ಲೋ? ಉತ್ತರ ಬದಲಾದಂತೆ ಹೋಗಬೇಕಾದ ದಾರಿಯೂ ಬದಲಾಗುತ್ತದೆ. ಇದನ್ನು ನೋಡದೆ ಹಾಕಿದ ಅರ್ಜಿ ತಿಂಗಳುಗಟ್ಟಲೆ ಅಲ್ಲೇ ಕೂರುತ್ತದೆ.

ಇಲ್ಲಿ ಬರೆದಿರುವುದು ಮುಖ್ಯವಾಗಿ ಸಿವಿಲ್ ಕೋರ್ಟುಗಳಿಗೆ ಸೇರಿದ್ದು. ಕ್ರಿಮಿನಲ್ ಆದೇಶ, ಹೈಕೋರ್ಟ್, ಗ್ರಾಹಕರ ಆಯೋಗದ ವಿಚಾರ ಕೊನೆಯ ಹೊತ್ತಿಗೆ ಬರುತ್ತದೆ.

ಕಾನೂನು ಏನು ಹೇಳುತ್ತದೆ

ತೀರ್ಪಿಗೆ ಒಮ್ಮೆ ಸಹಿ ಬಿದ್ದರೆ ನ್ಯಾಯಾಧೀಶರೂ ಅದನ್ನು ಮುಟ್ಟುವಂತಿಲ್ಲ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ (ಎಲ್ಲರೂ ಸಿಪಿಸಿ ಅಂತಲೇ ಕರೆಯುತ್ತಾರೆ) ಆರ್ಡರ್ 20 ರೂಲ್ 3 ಇದನ್ನು ಹೇಳುತ್ತದೆ. ಅದಕ್ಕೆ ಎರಡೇ ವಿನಾಯಿತಿ. ಒಂದು 152ನೇ ಕಲಂ, ಇನ್ನೊಂದು ಪುನರ್ವಿಮರ್ಶೆ, ಅಂದರೆ ರಿವ್ಯೂ.

152ನೇ ಕಲಮಿನ ಸಾರ ಇಷ್ಟು. ತೀರ್ಪು, ಡಿಕ್ರಿ ಅಥವಾ ಆದೇಶದಲ್ಲಿ ಬರವಣಿಗೆಯ ತಪ್ಪು, ಲೆಕ್ಕದ ತಪ್ಪು, ಅಥವಾ ಆಕಸ್ಮಿಕವಾಗಿ ಬಿಟ್ಟುಹೋದದ್ದು, ಜಾರಿಹೋದದ್ದು ಇದ್ದರೆ ಕೋರ್ಟ್ ಅದನ್ನು ಯಾವಾಗ ಬೇಕಾದರೂ ಸರಿಪಡಿಸಬಹುದು. ತಾನಾಗಿಯೇ ಮಾಡಬಹುದು, ಪಕ್ಷಗಾರರ ಅರ್ಜಿಯ ಮೇಲೂ ಮಾಡಬಹುದು. "ಯಾವಾಗ ಬೇಕಾದರೂ" ಅನ್ನುವುದು ಕಾನೂನಿನದೇ ಮಾತು. ಒಂಬತ್ತು ವರ್ಷ ಕಳೆದಿದ್ದರೂ ನಮ್ಮ ಅರ್ಜಿ ನಿಂತದ್ದು ಅದರಿಂದಲೇ.

ಇದರ ಹಿಂದೆ ಹಳೆಯ ತತ್ವವೊಂದಿದೆ. ಕೋರ್ಟಿನ ಕೈತಪ್ಪಿನಿಂದ ಯಾರಿಗೂ ನಷ್ಟ ಆಗಬಾರದು. ಹಾಗಾಗಿ ಇಂಥ ಅರ್ಜಿ ಹಾಕಲು ಸಂಕೋಚ ಬೇಡ. ಎಷ್ಟೋ ಜನ "ಸಾಹೇಬ್ರು ತಪ್ಪು ತಿಳ್ಕೊಂಡ್ರೆ?" ಅಂತ ಹೆದರಿ ಸುಮ್ಮನಿರುತ್ತಾರೆ. ಹೆದರಬೇಡಿ. ಕೋರ್ಟಿಗೆ ಇದು ದಿನನಿತ್ಯದ ಕೆಲಸ.

ಮೊದಲ ಕೆಲಸ: ತಪ್ಪಿನ ಬೇರು ಹುಡುಕುವುದು

ಒಂದು ದಿನ ಬಿಡುವು ಮಾಡಿಕೊಂಡು ಈ ಕಾಗದಗಳನ್ನು ಮೇಜಿನ ಮೇಲೆ ಸಾಲಾಗಿ ಇಡಿ: ಕ್ರಯಪತ್ರ ಅಥವಾ ಪಾಲುಪತ್ರ, ಪಹಣಿ, ದಾವಾ ಪತ್ರ, ತೀರ್ಪು, ಡಿಕ್ರಿ. ತೀರ್ಪು ಮತ್ತು ಡಿಕ್ರಿಯ ದೃಢೀಕೃತ ನಕಲು ಬೇಕು. ಇ-ಕೋರ್ಟ್ಸ್ ವೆಬ್‌ಸೈಟಿನಲ್ಲಿ ನಿಮ್ಮ ಕೇಸಿನ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆ ಹಾಕಿದರೆ, ಅಪ್‌ಲೋಡ್ ಆಗಿರುವ ಆದೇಶಗಳನ್ನು ದುಡ್ಡಿಲ್ಲದೆ ಓದಬಹುದು. ಆದರೆ ಅದು ಓದಿಕೊಳ್ಳಲು ಮಾತ್ರ. ಅರ್ಜಿಯ ಜೊತೆ ಕೊಡಲು ನಕಲು ಶಾಖೆಯ ಮೊಹರು ಇರುವ ಪ್ರತಿಯೇ ಬೇಕು.

ಈಗ ಹಿಂದಿನಿಂದ ಮುಂದಕ್ಕೆ ಓದುತ್ತಾ ಬನ್ನಿ. ಮೊದಲು ಕ್ರಯಪತ್ರ, ಕೊನೆಗೆ ಡಿಕ್ರಿ. ಒಬ್ಬರು ಜೋರಾಗಿ ಓದಲಿ, ಇನ್ನೊಬ್ಬರು ಎದುರಿನ ಕಾಗದದಲ್ಲಿ ಬೆರಳಿಟ್ಟು ನೋಡಲಿ. ಹೆಸರು, ಅದರ ಕಾಗುಣಿತ, "ಬಿನ್" (ಇಂಥವರ ಮಗ) ಮತ್ತು "ಕೋಂ" (ಇಂಥವರ ಹೆಂಡತಿ) ಮುಂದಿನ ಹೆಸರು, ಗ್ರಾಮ, ಹೋಬಳಿ, ಸರ್ವೆ ನಂಬರ್, ಹಿಸ್ಸಾ, ಎಕರೆ-ಗುಂಟೆ, ನಾಲ್ಕು ಕಡೆಯ ಚಕ್ಕುಬಂದಿ, ಪಾಲಿನ ಭಾಗ, ಹಣದ ಮೊತ್ತ, ದಿನಾಂಕ. ಒಂದನ್ನೂ ಬಿಡಬೇಡಿ.

ಕೆಲವು ಜಾಗದಲ್ಲಿ ತಪ್ಪು ಜಾಸ್ತಿ ಆಗುತ್ತದೆ. ಹಳೆಯ ಕೈಬರಹದ ದಾಖಲೆಯಲ್ಲಿ ೬ ಮತ್ತು ೯, ೧ ಮತ್ತು ೦ ಒಂದೇ ಥರ ಕಾಣುತ್ತವೆ. ಕನ್ನಡ ದಾಖಲೆಯನ್ನು ಇಂಗ್ಲಿಷಿನಲ್ಲಿ ಟೈಪ್ ಮಾಡುವಾಗ ನಂಜಮ್ಮ ಮತ್ತು ನಂಜಮ್ಮಣ್ಣಿ ಒಂದೇ ಆಗಿಬಿಡಬಹುದು. 45/2 ಮತ್ತು 45/2ಎ ಬೇರೆ ಬೇರೆ ಹಿಸ್ಸೆಗಳು, ಆ ಒಂದು ಅಕ್ಷರ ಬಿಟ್ಟುಹೋದರೆ ಜಮೀನೇ ಬದಲಾಗುತ್ತದೆ. ಗುಂಟೆ ಲೆಕ್ಕವೂ ಹಾಗೆಯೇ. 40 ಗುಂಟೆಗೆ ಒಂದು ಎಕರೆ. ಆದ್ದರಿಂದ 1 ಎಕರೆ 25 ಗುಂಟೆಯನ್ನು ಯಾರಾದರೂ 1.25 ಎಕರೆ ಅಂತ ಬರೆದರೆ 15 ಗುಂಟೆ ಮಾಯ. 1.25 ಎಕರೆ ಅಂದರೆ 1 ಎಕರೆ 10 ಗುಂಟೆ ಮಾತ್ರ. ಒಂದು ಗುಂಟೆಗೆ 1,089 ಚದರ ಅಡಿ. ಊರ ಪಕ್ಕದ ಜಮೀನಾದರೆ 15 ಗುಂಟೆ ಅಂದರೆ ಒಂದು ಸಂಸಾರದ ಬದುಕು.

ತಪ್ಪು ಮೊದಲು ಕಾಣಿಸಿಕೊಂಡ ಕಾಗದವೇ ಅದರ ಹುಟ್ಟೂರು.

ಕೋರ್ಟಿನ ಕಡತದಲ್ಲಿ ಸರಿ ಇದ್ದು ನಿಮ್ಮ ಕೈಯಲ್ಲಿರುವ ನಕಲಿನಲ್ಲಿ ಮಾತ್ರ ತಪ್ಪಿದ್ದರೆ ಅರ್ಜಿ-ವಿಚಾರಣೆ ಏನೂ ಬೇಡ. ಶಿರಸ್ತೇದಾರರಿಗೆ (ಕೋರ್ಟ್ ಕಚೇರಿಯ ಮೇಲಧಿಕಾರಿ) ಅಥವಾ ನಕಲು ಶಾಖೆಗೆ ಬರೆದುಕೊಟ್ಟು ಸರಿಯಾದ ನಕಲು ಪಡೆಯಿರಿ.

ತೀರ್ಪು ಸರಿ, ಡಿಕ್ರಿ ತಪ್ಪು ಆಗಿದ್ದರೆ ಕೆಲಸ ಸುಲಭ. ತೀರ್ಪು ಬರೆಯುವವರು ನ್ಯಾಯಾಧೀಶರು. ಡಿಕ್ರಿಯನ್ನು ಕಚೇರಿಯಲ್ಲಿ ತಯಾರಿಸುತ್ತಾರೆ. ಡಿಕ್ರಿ ತೀರ್ಪಿಗೆ ಹೊಂದಬೇಕು ಅಂತ ಆರ್ಡರ್ 20 ರೂಲ್ 6 ಹೇಳುತ್ತದೆ. ಎರಡನ್ನೂ ಅಕ್ಕಪಕ್ಕ ಇಟ್ಟು ತೋರಿಸಿದರೆ ಸಾಕು, ವಾದಕ್ಕೆ ಜಾಗವೇ ಇರುವುದಿಲ್ಲ.

ದಾವಾ ಪತ್ರ ಸರಿ, ತೀರ್ಪಿನಲ್ಲಿ ತಪ್ಪು. ನಮ್ಮದು ಇದೇ ಆಗಿತ್ತು. ಇದಕ್ಕೂ 152ನೇ ಕಲಂ ಸಾಕು. ದಾವಾ ಪತ್ರದ ಷೆಡ್ಯೂಲ್ (ಸ್ವತ್ತಿನ ವಿವರದ ಪಟ್ಟಿ) ಮತ್ತು ಕೋರ್ಟ್ ಗುರುತು ಹಾಕಿದ ದಾಖಲೆಗಳನ್ನು ತೋರಿಸಬೇಕು. ಚಕ್ಕುಬಂದಿ ಸರಿ ಇದ್ದು ಸರ್ವೆ ನಂಬರ್ ಮಾತ್ರ ತಪ್ಪಿದ್ದರೆ ನಿಮ್ಮ ಮಾತಿಗೆ ಬಲ ಜಾಸ್ತಿ. ಪೂರ್ವಕ್ಕೆ ಹಳ್ಳ, ಪಶ್ಚಿಮಕ್ಕೆ ದಾರಿ ಅಂತ ಇದ್ದರೆ ಜಮೀನು ಯಾವುದು ಅಂತ ನೆಲವೇ ಹೇಳುತ್ತದೆ. ನಂಬರಿಗೂ ಚಕ್ಕುಬಂದಿಗೂ ತಾಳೆ ಆಗದಿದ್ದಾಗ ಕೋರ್ಟುಗಳು ಸಾಮಾನ್ಯವಾಗಿ ಚಕ್ಕುಬಂದಿಗೇ ಹೆಚ್ಚು ತೂಕ ಕೊಡುತ್ತವೆ.

ದಾವಾ ಪತ್ರದಲ್ಲೇ ತಪ್ಪಾಗಿದ್ದು, ಅದೇ ತೀರ್ಪಿಗೂ ಡಿಕ್ರಿಗೂ ಇಳಿದು ಬಂದಿದ್ದರೆ ಸ್ವಲ್ಪ ಕಷ್ಟ. ಎದುರು ಪಕ್ಷದವರು "ಇದು ಕೋರ್ಟಿನ ತಪ್ಪಲ್ಲ, ವಾದಿಯದೇ ತಪ್ಪು" ಅಂತ ಖಂಡಿತ ತಕರಾರು ತೆಗೆಯುತ್ತಾರೆ. ಆದರೂ ಬಾಗಿಲು ಮುಚ್ಚಿಲ್ಲ. ಸ್ವತ್ತಿನ ವಿವರದ ಲೋಪವನ್ನು ಡಿಕ್ರಿ ಆದ ಮೇಲೂ 152ರ ಅಡಿಯಲ್ಲಿ ಸರಿಪಡಿಸಬಹುದು ಅಂತ 2007ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇಂಥ ಸಂದರ್ಭದಲ್ಲಿ ದಾವಾ ಪತ್ರ ತಿದ್ದಲು ಆರ್ಡರ್ 6 ರೂಲ್ 17, ಜೊತೆಗೆ 152 ಮತ್ತು 153ನೇ ಕಲಂ (ದಾವೆಯ ನಡವಳಿಯ ತಪ್ಪು ತಿದ್ದುವ ಸಾಮಾನ್ಯ ಅಧಿಕಾರ) ಸೇರಿಸಿ ಕೇಳುವುದು ಒಳ್ಳೆಯದು. ಡಿಕ್ರಿ ಮಾತ್ರ ತಿದ್ದಿಸಿ ದಾವಾ ಪತ್ರವನ್ನು ಹಾಗೇ ಬಿಟ್ಟರೆ ಕಡತದೊಳಗೇ ಹೊಂದಾಣಿಕೆ ತಪ್ಪುತ್ತದೆ.

ಕ್ರಯಪತ್ರದಲ್ಲೇ ತಪ್ಪಿದ್ದರೆ ಮೊದಲು ಅದನ್ನೇ ಸರಿಪಡಿಸಬೇಕು. ಬರೆದುಕೊಟ್ಟವರು ಒಪ್ಪಿದರೆ ಉಪ ನೋಂದಣಿ ಕಚೇರಿಯಲ್ಲಿ ತಿದ್ದುಪಡಿ ಪತ್ರ ಮಾಡಿಸಿ. ಒಪ್ಪದಿದ್ದರೆ 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 26ನೇ ಕಲಮಿನಡಿ ದಾವೆ ಹೂಡಬೇಕಾಗುತ್ತದೆ. ಅದು ಬೇರೆಯದೇ ದೊಡ್ಡ ದಾರಿ.

ಇದು ನಿಜವಾಗಿಯೂ ಕೈತಪ್ಪೇನಾ?

ಇಲ್ಲಿ ನಮಗೆ ನಾವೇ ಪ್ರಾಮಾಣಿಕವಾಗಿ ಉತ್ತರ ಕೊಟ್ಟುಕೊಳ್ಳಬೇಕು. ನಾನು ಹಾಕಿಕೊಳ್ಳುವ ಪರೀಕ್ಷೆ ಒಂದೇ. ನ್ಯಾಯಾಧೀಶರು ಕೊಡಬೇಕು ಅಂತ ಮನಸ್ಸಿನಲ್ಲಿ ತೀರ್ಮಾನಿಸಿದ್ದು ಒಂದು, ಕಾಗದದ ಮೇಲೆ ಬಿದ್ದದ್ದು ಇನ್ನೊಂದು, ಹೀಗಾಗಿದ್ದರೆ ಅದು ಕೈತಪ್ಪು. ಅವರು ತೀರ್ಮಾನಿಸಿದ್ದೇ ತಪ್ಪು ಅಂತ ನಿಮಗೆ ಅನಿಸಿದರೆ ಅದಕ್ಕೆ 152 ಅಲ್ಲ, ಅಪೀಲು.

ಒಂದು ಲೆಕ್ಕ ನೋಡಿ. ಸಾಲದ ದಾವೆಯಲ್ಲಿ ಅಸಲು 3,80,000 ರೂಪಾಯಿ. ವರ್ಷಕ್ಕೆ ನೂರಕ್ಕೆ 12ರಂತೆ ಎರಡು ವರ್ಷದ ಬಡ್ಡಿ 91,200. ತೀರ್ಪಿನ ಒಳಗೆ ಇವೆರಡನ್ನೂ ಒಪ್ಪಿದ್ದಾರೆ. ಒಟ್ಟು 4,71,200 ಆಗಬೇಕು. ಕೊನೆಯ ಸಾಲಿನಲ್ಲಿ 4,17,200 ಅಂತ ಇದೆ. 54,000 ರೂಪಾಯಿ ಕಮ್ಮಿ. ಇದು ಲೆಕ್ಕದ ತಪ್ಪು, ಖಂಡಿತ ತಿದ್ದುಪಡಿ ಆಗುತ್ತದೆ. ಅದೇ ತೀರ್ಪಿನಲ್ಲಿ ಬಡ್ಡಿಯನ್ನು ನೂರಕ್ಕೆ 6ಕ್ಕೆ ಇಳಿಸಿ ಕಾರಣ ಬರೆದಿದ್ದಾರೆ ಅಂದುಕೊಳ್ಳಿ. "12 ಆಗಬೇಕಿತ್ತು" ಅಂತ 152ರಲ್ಲಿ ಕೇಳಿದರೆ ಅರ್ಜಿ ವಜಾ ಆಗುತ್ತದೆ.

ಇನ್ನೊಂದು ಬಗೆ ಇದೆ, ಇದರಲ್ಲೇ ಜನ ಜಾಸ್ತಿ ಎಡವುವುದು. ಬಡ್ಡಿ ಕೇಳಿದ್ದಿರಿ, ತೀರ್ಪು ಅದರ ಬಗ್ಗೆ ಏನೂ ಹೇಳಿಲ್ಲ. "ಬಿಟ್ಟುಹೋಗಿದೆ, ಸೇರಿಸಿ" ಅಂತ ಕೇಳಬಹುದಾ? ದಾವೆ ನಡೆಯುತ್ತಿದ್ದ ಅವಧಿಯ ಬಡ್ಡಿಯನ್ನು ಹೀಗೆ 152ರ ಅಡಿಯಲ್ಲಿ ಆಮೇಲೆ ಸೇರಿಸಿದ್ದನ್ನು ಸುಪ್ರೀಂ ಕೋರ್ಟ್ 1999ರಲ್ಲಿ ಒಪ್ಪಲಿಲ್ಲ. ಮುಂಬೈನ ಒಂದು ವಿಚ್ಛೇದನ ಪ್ರಕರಣದಲ್ಲಿ ಡಿಕ್ರಿಯಲ್ಲಿ ಇಲ್ಲದ ಫ್ಲ್ಯಾಟಿನ ವಿಚಾರವನ್ನು ಇದೇ ಕಲಮಿನಲ್ಲಿ ಸೇರಿಸಿದ್ದನ್ನು 2001ರಲ್ಲಿ ತಳ್ಳಿಹಾಕಿತು. ಕೋರ್ಟ್ ಕೊಡಲು ಹೊರಟಿತ್ತು ಅನ್ನುವುದು ತೀರ್ಪಿನೊಳಗೇ ಎಲ್ಲಾದರೂ ಕಾಣಬೇಕು. ಕಾಣದಿದ್ದರೆ ಅದು ಬಿಟ್ಟುಹೋದದ್ದಲ್ಲ, ಕೊಡದೇ ಇದ್ದದ್ದು ಅಂತಲೇ ಲೆಕ್ಕ.

152ಕ್ಕೂ ಅಪೀಲಿಗೂ ನಡುವೆ ರಿವ್ಯೂ ಇದೆ, ಆರ್ಡರ್ 47 ರೂಲ್ 1. ದಾಖಲೆ ನೋಡಿದ ತಕ್ಷಣ ಕಣ್ಣಿಗೆ ಹೊಡೆಯುವಂಥ ತಪ್ಪಿದ್ದರೆ, ಅಥವಾ ಎಷ್ಟು ಪ್ರಯತ್ನಪಟ್ಟರೂ ಮೊದಲು ಸಿಗದಿದ್ದ ಮುಖ್ಯ ಪುರಾವೆ ಈಗ ಸಿಕ್ಕಿದ್ದರೆ ಈ ದಾರಿ. ಆದರೆ ಇದಕ್ಕೆ 30 ದಿನದ ಗಡುವು. ನಿಮ್ಮ ವಿಚಾರ ಕೈತಪ್ಪೋ ರಿವ್ಯೂಗೆ ಸೇರಿದ್ದೋ ಅಂತ ಅನುಮಾನ ಇದ್ದರೆ 30 ದಿನದ ಒಳಗೇ ವಕೀಲರ ಹತ್ತಿರ ಕೂತು ತೀರ್ಮಾನ ಮಾಡಿ. ಅಪೀಲಿನ ಗಡುವೂ ಹಾಗೆಯೇ ಓಡುತ್ತಿರುತ್ತದೆ. 152ರ ಅರ್ಜಿ ಹಾಕಿದ್ದೇವೆ ಅಂತ ಅದು ನಿಲ್ಲುವುದಿಲ್ಲ.

ಯಾವ ಕೋರ್ಟಿನಲ್ಲಿ ಕೇಳಬೇಕು

ತೀರ್ಪು ಕೊಟ್ಟ ಕೋರ್ಟಿನಲ್ಲೇ. ಅಮಲ್ಜಾರಿ ನಡೆಸುತ್ತಿರುವ ಕೋರ್ಟ್ ಡಿಕ್ರಿಯಲ್ಲಿ ಇದ್ದದ್ದನ್ನು ಇದ್ದ ಹಾಗೆ ಜಾರಿ ಮಾಡಬೇಕು, ಅದರ ಹಿಂದಕ್ಕೆ ಹೋಗಿ ತಿದ್ದುವ ಅಧಿಕಾರ ಅದಕ್ಕಿಲ್ಲ ಅನ್ನುವುದು ಸಾಮಾನ್ಯ ನಿಯಮ. ತೀರ್ಪು ಬರೆದ ನ್ಯಾಯಾಧೀಶರು ವರ್ಗ ಆಗಿ ಹೋಗಿದ್ದರೂ ಚಿಂತೆ ಇಲ್ಲ. ಅಧಿಕಾರ ಇರುವುದು ಕೋರ್ಟಿಗೆ. ಈಗ ಆ ಪೀಠದಲ್ಲಿ ಇರುವವರು ತಿದ್ದಬಹುದು.

ಅಪೀಲು ಆಗಿದ್ದರೆ ನಿಂತು ಯೋಚಿಸಿ. ಮೇಲಿನ ಕೋರ್ಟ್ ಪೂರ್ತಿ ವಿಚಾರಣೆ ಮಾಡಿ ತೀರ್ಪು ಕೊಟ್ಟಿದ್ದರೆ ಕೆಳಗಿನ ಡಿಕ್ರಿ ಅದರಲ್ಲಿ ಸೇರಿಹೋಗಿರುತ್ತದೆ. ಆಗ ಕೇಳಬೇಕಾದ್ದು ಮೇಲಿನ ಕೋರ್ಟನ್ನೇ. ಅಪೀಲು ಆರಂಭದಲ್ಲೇ, ಆರ್ಡರ್ 41 ರೂಲ್ 11ರ ಅಡಿಯಲ್ಲಿ ವಜಾ ಆಗಿದ್ದರೆ ಮೂಲ ಕೋರ್ಟೇ ತಿದ್ದಬಹುದು. ಇದಕ್ಕಾಗಿಯೇ 1976ರ ತಿದ್ದುಪಡಿಯಲ್ಲಿ 153ಎ ಕಲಂ ಸೇರಿಸಿದರು. ಅಪೀಲಿನ ಆದೇಶದ ಪ್ರತಿಯನ್ನು ಅರ್ಜಿಯ ಜೊತೆ ಇಡದೇ ಹೋದರೆ ಮೊದಲ ದಿನವೇ ಈ ಪ್ರಶ್ನೆ ಬರುತ್ತದೆ.

ಅರ್ಜಿ ಬರೆಯುವುದು

ಅರ್ಜಿ ಚಿಕ್ಕದಾಗಿ ಇದ್ದಷ್ಟೂ ಒಳ್ಳೆಯದು. ಕೇಸಿನ ಪೂರ್ತಿ ಕಥೆ ಬೇಡ. ಎಲ್ಲಿ, ಏನು ಇದೆ, ಏನು ಇರಬೇಕು, ಅದಕ್ಕೆ ಆಧಾರ ಏನು. ಇಷ್ಟೇ. ಹೀಗೆ ಬರೆಯಬಹುದು (ಇದರಲ್ಲಿ ಬರುವ 151ನೇ ಕಲಂ ಅಂದರೆ ಕೋರ್ಟಿಗೆ ಸಹಜವಾಗಿ ಇರುವ ಅಧಿಕಾರ):

ಮಾನ್ಯ ……… ಸಿವಿಲ್ ನ್ಯಾಯಾಧೀಶರ ನ್ಯಾಯಾಲಯದಲ್ಲಿ, ………
ಅಸಲು ದಾವೆ ಸಂಖ್ಯೆ: …… / ……
ವಾದಿ: ………
ವಿರುದ್ಧ
ಪ್ರತಿವಾದಿ: ………

ಸಿಪಿಸಿ 152ನೇ ಕಲಂ, 151ನೇ ಕಲಂ ಸಹಿತ ಸಲ್ಲಿಸುವ ಅರ್ಜಿ

ಜೊತೆಗಿರುವ ಅಫಿಡವಿಟ್‌ನಲ್ಲಿ ತಿಳಿಸಿರುವ ಕಾರಣಗಳಿಗಾಗಿ, ದಿನಾಂಕ ……ರ ತೀರ್ಪು ಮತ್ತು ಡಿಕ್ರಿಯ ಷೆಡ್ಯೂಲಿನಲ್ಲಿ, 1ನೇ ಐಟಂನ 2ನೇ ಸಾಲಿನಲ್ಲಿ "ಸರ್ವೆ ನಂ. 121/3" ಎಂದು ಇರುವುದನ್ನು "ಸರ್ವೆ ನಂ. 112/3" ಎಂದು ತಿದ್ದಿ, ಅದರಂತೆ ತಿದ್ದುಪಡಿಯಾದ ಡಿಕ್ರಿ ತಯಾರಿಸಲು ಆದೇಶಿಸಬೇಕೆಂದು ನ್ಯಾಯದ ಹಿತದೃಷ್ಟಿಯಿಂದ ಪ್ರಾರ್ಥಿಸುತ್ತೇನೆ.

ಸ್ಥಳ, ದಿನಾಂಕ, ಅರ್ಜಿದಾರರ ಮತ್ತು ವಕೀಲರ ಸಹಿ.

"ತಪ್ಪನ್ನು ಸರಿಪಡಿಸಿ" ಅಂತ ಮಾತ್ರ ಬರೆದು ಬಿಡಬೇಡಿ. ಈ ಪದ ತೆಗೆದು ಈ ಪದ ಹಾಕಿ ಅಂತ ಉದ್ಧರಣ ಚಿಹ್ನೆಯೊಳಗೆ ಬರೆಯಿರಿ. ಅರ್ಜಿಯ ಪದವೇ ನಾಳೆ ಆದೇಶದ ಪದ ಆಗುತ್ತದೆ. ನಮ್ಮ ಮೊದಲ ಕರಡಿನಲ್ಲಿ ಷೆಡ್ಯೂಲಿನ ತಪ್ಪು ಮಾತ್ರ ಬರೆದಿದ್ದೆವು. ಅದೇ ತಪ್ಪು ನಂಬರ್ ತೀರ್ಪಿನ ನಡುವಿನ ಇನ್ನೊಂದು ಪ್ಯಾರಾದಲ್ಲೂ ಇತ್ತು. ಅರ್ಜಿ ಹಾಕುವ ಹಿಂದಿನ ಸಂಜೆ ಅದು ಕಣ್ಣಿಗೆ ಬಿತ್ತು. ಬೀಳದಿದ್ದರೆ ಮತ್ತೊಂದು ಅರ್ಜಿ, ಮತ್ತೊಂದಿಷ್ಟು ವಾಯಿದೆ. ಹಾಗಾಗಿ ತಪ್ಪು ಎಷ್ಟು ಕಡೆ ಇದೆಯೋ ಅಷ್ಟೂ ಕಡೆಯನ್ನು ಪುಟ, ಪ್ಯಾರಾ, ಸಾಲಿನ ಸಮೇತ ಹೇಳಿ. ತಪ್ಪುಗಳು ಮೂರು-ನಾಲ್ಕು ಇದ್ದರೆ "ಈಗ ಇರುವುದು" ಮತ್ತು "ಇರಬೇಕಾದದ್ದು" ಅಂತ ಎರಡು ಅಂಕಣದ ಪಟ್ಟಿ ಮಾಡಿ ಕೊನೆಗೆ ಲಗತ್ತಿಸಿ. ಓದುವವರಿಗೆ ಒಂದೇ ನೋಟಕ್ಕೆ ತಿಳಿಯುತ್ತದೆ.

ಅಫಿಡವಿಟ್‌ನಲ್ಲಿ ಮೂರು ವಿಷಯ ಬರಲಿ. ದಾವೆ ಯಾವಾಗ, ಏನು ತೀರ್ಮಾನ ಆಯಿತು. ತಪ್ಪು ಹೇಗೆ ಆಗಿದೆ, ಸರಿಯಾದದ್ದು ಯಾವ ದಾಖಲೆಯಲ್ಲಿ ಇದೆ. ನಿಮಗೆ ಇದು ಯಾವಾಗ ತಿಳಿಯಿತು, ಇಷ್ಟು ದಿನ ಯಾಕೆ ಕೇಳಲಿಲ್ಲ. ಗಡುವು ಇಲ್ಲದಿದ್ದರೂ ತಡವಾದದ್ದಕ್ಕೆ ಎರಡು ಸಾಲು ವಿವರಣೆ ಇದ್ದರೆ ಒಳ್ಳೆಯದು. ನಡುವೆ ಆ ಜಮೀನನ್ನು ಬೇರೆಯವರು ಕೊಂಡಿದ್ದರೆ ಅದನ್ನು ಮುಚ್ಚಿಡಬೇಡಿ. ಅವರ ಹಕ್ಕಿಗೆ ಧಕ್ಕೆ ಆಗುತ್ತದಾ ಅಂತ ಕೋರ್ಟ್ ನೋಡೇ ನೋಡುತ್ತದೆ. ಅಫಿಡವಿಟ್‌ಗೆ ನೋಟರಿ ಅಥವಾ ಓತ್ ಕಮಿಷನರ್ ಮುಂದೆ ಸಹಿ ಹಾಕಬೇಕು.

ಇನ್ನು ಲಗತ್ತುಗಳು. ತೀರ್ಪು ಮತ್ತು ಡಿಕ್ರಿಯ ದೃಢೀಕೃತ ನಕಲು, ದಾವಾ ಪತ್ರದ ಪ್ರತಿ, ಸರಿಯಾದ ವಿವರ ಇರುವ ಕ್ರಯಪತ್ರ ಅಥವಾ ಪಹಣಿ. ಹೆಸರಿನ ತಪ್ಪಾಗಿದ್ದರೆ ಗುರುತಿನ ಚೀಟಿ. ತಪ್ಪು ಇರುವ ಜಾಗಕ್ಕೂ ಸರಿ ಇರುವ ಜಾಗಕ್ಕೂ ಜೆರಾಕ್ಸ್ ಪ್ರತಿಯಲ್ಲಿ ಪೆನ್ಸಿಲಿನಿಂದ ಗುರುತು ಹಾಕಿ. ದೃಢೀಕೃತ ನಕಲಿನ ಮೇಲೆ ಮಾತ್ರ ಏನೂ ಬರೆಯಬೇಡಿ. "ನಾನೇ ಪೆನ್ನಲ್ಲಿ ತಿದ್ದಿಕೊಂಡೆ" ಅಂತ ಒಬ್ಬ ಹಿರಿಯರು ನನಗೆ ತೋರಿಸಿದ್ದರು. ಅವರಿಗೆ ಗೊತ್ತಿರಲಿಲ್ಲ ಪಾಪ. ಮೊಹರು ಬಿದ್ದ ಕಾಗದವನ್ನು ನಾವು ತಿದ್ದಿದರೆ ಅದು ಅಪರಾಧದ ಕಡೆಗೆ ಹೋಗುತ್ತದೆ.

ವಾದಿ ತೀರಿಕೊಂಡಿದ್ದರೆ

ವಾರಸುದಾರರು ಅರ್ಜಿ ಹಾಕಬಹುದು. ಮರಣ ಪ್ರಮಾಣಪತ್ರ ಮತ್ತು ವಂಶವೃಕ್ಷ ಬೇಕು. ವಂಶವೃಕ್ಷಕ್ಕೆ ನಾಡಕಚೇರಿಯಲ್ಲಿ ಅರ್ಜಿ ಕೊಡಬಹುದು. ಎಲ್ಲಾ ವಾರಸುದಾರರ ಹೆಸರು ಬರಲಿ, ಮದುವೆಯಾಗಿ ಹೋದ ಹೆಣ್ಣುಮಕ್ಕಳದ್ದೂ ಸೇರಿ. ಅವರನ್ನು ಬಿಟ್ಟರೆ ಅಲ್ಲೇ ಹೊಸ ತಕರಾರು ಹುಟ್ಟುತ್ತದೆ. ಬಿಡುವುದು ನ್ಯಾಯವೂ ಅಲ್ಲ. ಎದುರು ಪಕ್ಷದವರು ತೀರಿಕೊಂಡಿದ್ದರೂ ಅವರ ವಾರಸುದಾರರನ್ನು ಸೇರಿಸಬೇಕು. ನಮ್ಮ ಕೇಸಿನಲ್ಲಿ ಹೆಚ್ಚು ಸಮಯ ಹಿಡಿದದ್ದು ಇದಕ್ಕೇ. ದೊಡ್ಡಪ್ಪನ ಮಕ್ಕಳು ಮೂರು ಊರಲ್ಲಿದ್ದರು. ಮೂವರಿಗೂ ನೋಟಿಸ್ ಮುಟ್ಟಬೇಕಿತ್ತು. ತಂದೆ ಇದ್ದಾಗಲೇ ಕಾಗದ ಓದಿದ್ದರೆ ಒಂದು ಪುಟದ ಅರ್ಜಿಯಲ್ಲಿ ಮುಗಿಯುತ್ತಿತ್ತು ಅಂತ ಈಗಲೂ ಬೇಸರ ಆಗುತ್ತದೆ.

ಸಲ್ಲಿಸಿದ ಮೇಲೆ

ಮುಗಿದ ದಾವೆಯಲ್ಲಿ ಇಂಥ ಅರ್ಜಿಗೆ ಕೆಲವು ಕಡೆ ಅದೇ ದಾವೆಯಲ್ಲಿ ಐ.ಎ. (ಮಧ್ಯಂತರ ಅರ್ಜಿ) ನಂಬರ್ ಕೊಡುತ್ತಾರೆ, ಕೆಲವು ಕಡೆ ಮಿಸಲೇನಿಯಸ್ (ಇತರೆ ಪ್ರಕರಣ) ನಂಬರ್. ಫೈಲಿಂಗ್ ಕೌಂಟರಿನಲ್ಲಿ ಮೊದಲೇ ಕೇಳಿಕೊಳ್ಳಿ. ಕಡತ ರೆಕಾರ್ಡ್ ರೂಮಿಗೆ ಹೋಗಿದ್ದರೆ ತರಿಸಲು ಸಮಯ ಹಿಡಿಯುತ್ತದೆ. ಅರ್ಜಿ ಹಾಕಿದ ದಿನವೇ ಕಡತ ತರಿಸಬೇಕೆಂದು ಮೆಮೋ ಕೊಟ್ಟರೆ ಒಂದು ವಾಯಿದೆ ಉಳಿಯುತ್ತದೆ.

ಎದುರು ಪಕ್ಷಕ್ಕೆ ನೋಟಿಸ್ ಹೋಗಬೇಕು. "ಸಣ್ಣ ತಪ್ಪು, ನೋಟಿಸ್ ಯಾಕೆ?" ಅಂತ ಅವಸರ ಮಾಡಬೇಡಿ. ನೋಟಿಸ್ ಇಲ್ಲದೆ ಆದ ತಿದ್ದುಪಡಿಯನ್ನು ನಾಳೆ ಅವರು ಪ್ರಶ್ನಿಸಿದರೆ ಮತ್ತೆ ಮೊದಲಿನಿಂದ ಶುರು. ಸಾಧ್ಯ ಇದ್ದರೆ ಮೊದಲೇ ಅವರ ಜೊತೆ ಮಾತಾಡಿ. ದಾವೆ ಮುಗಿದು ಸಿಟ್ಟು ಇಳಿದಿದ್ದರೆ "ನಮ್ಮ ಅಭ್ಯಂತರ ಇಲ್ಲ" ಅಂತ ಬರೆದುಕೊಡುತ್ತಾರೆ. ನಮ್ಮ ದೊಡ್ಡಪ್ಪನ ಮಗ ಹಾಗೇ ಮಾಡಿದರು. "ಅದು ಚಿಕ್ಕಪ್ಪನ ಜಮೀನೇ ಅಲ್ವಾ, ನಾನ್ಯಾಕೆ ಬೇಡ ಅನ್ನಲಿ" ಅಂದರು. ಅಷ್ಟು ವರ್ಷ ಕೋರ್ಟಿನಲ್ಲಿ ಎದುರಾಬದುರು ನಿಂತವರ ಬಾಯಲ್ಲಿ ಆ ಮಾತು ಕೇಳಿ ಅಮ್ಮ ಅತ್ತುಬಿಟ್ಟರು.

ವಿಚಾರಣೆ ದಿನ ಹೊಸ ಸಾಕ್ಷಿ ಬೇಕಾಗುವುದಿಲ್ಲ. ಬೇಕಾಗುತ್ತದೆ ಅಂದರೆ ಅದು ಬಹುಶಃ ಕೈತಪ್ಪಲ್ಲ. ಎರಡು ಕಾಗದ ಅಕ್ಕಪಕ್ಕ ಇಟ್ಟು ತೋರಿಸಿದರೆ ಮುಗಿಯಬೇಕು.

ಅರ್ಜಿ ವಜಾ ಆದರೆ? 152ರ ಆದೇಶದ ಮೇಲೆ ನೇರವಾದ ಅಪೀಲು ಇಲ್ಲ. ಹೈಕೋರ್ಟಿನಲ್ಲಿ ಸಂವಿಧಾನದ 227ನೇ ವಿಧಿಯ (ಕೆಳಗಿನ ಕೋರ್ಟುಗಳ ಮೇಲೆ ಹೈಕೋರ್ಟಿನ ಮೇಲ್ವಿಚಾರಣೆ) ಅಡಿಯಲ್ಲಿ ಪ್ರಶ್ನಿಸುವುದು ವಾಡಿಕೆ. ಅದಕ್ಕೂ ಮೊದಲು ವಜಾ ಮಾಡಿದ ಕಾರಣವನ್ನು ನಿಧಾನವಾಗಿ ಓದಿ. "ಇದು ರಿವ್ಯೂಗೆ ಸೇರಿದ್ದು" ಅಥವಾ "ದಾವಾ ಪತ್ರ ತಿದ್ದಿಸಿ" ಅಂತ ಕೋರ್ಟೇ ದಾರಿ ತೋರಿಸಿರಬಹುದು.

ಖರ್ಚಿನ ಚಿಂತೆ ಇರುವವರಿಗೆ ಒಂದು ಮಾತು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನ ಪ್ರಕಾರ ಹೆಣ್ಣುಮಕ್ಕಳು, ಮಕ್ಕಳು, ಪರಿಶಿಷ್ಟ ಜಾತಿ-ಪಂಗಡದವರು, ಬಂಧನದಲ್ಲಿ ಇರುವವರು, ಅಂಗವಿಕಲರು, ಕಡಿಮೆ ಆದಾಯದವರು ಉಚಿತವಾಗಿ ವಕೀಲರನ್ನು ಪಡೆಯಬಹುದು. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿ ಇರುತ್ತದೆ. 15100ಕ್ಕೆ ಫೋನ್ ಮಾಡಿಯೂ ಕೇಳಬಹುದು.

ಕ್ರಿಮಿನಲ್ ಆದೇಶವಾದರೆ ಒಂದು ದಿನವೂ ಕಾಯಬೇಡಿ

ಇಲ್ಲಿ ಸಿಪಿಸಿ ಬರುವುದಿಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 403ನೇ ಕಲಂ ಅನ್ವಯಿಸುತ್ತದೆ. ಹಳೆಯ ಸಿಆರ್‌ಪಿಸಿಯಲ್ಲಿ ಅದು 362 ಆಗಿತ್ತು. ಸಹಿ ಆದ ತೀರ್ಪನ್ನು ಬರವಣಿಗೆಯ ಅಥವಾ ಲೆಕ್ಕದ ತಪ್ಪು ಸರಿಪಡಿಸಲು ಬಿಟ್ಟರೆ ಬದಲಾಯಿಸುವಂತಿಲ್ಲ ಅನ್ನುತ್ತದೆ. ಸಿವಿಲ್ ಕಡೆಗಿಂತ ಬಿಗಿ.

ಜಾಮೀನು ಆದೇಶದಲ್ಲಿ ಕ್ರೈಂ ನಂಬರ್, ಕಲಂ, ತಂದೆಯ ಹೆಸರು ತಪ್ಪಿದ್ದರೆ ಜೈಲಿನಲ್ಲಿ ಬಿಡುವುದಿಲ್ಲ. ಉತ್ತರ ಪ್ರದೇಶದ ಗಾಜಿಯಾಬಾದಿನಲ್ಲಿ ಒಬ್ಬರಿಗೆ 2025ರ ಏಪ್ರಿಲ್ 29ರಂದು ಸುಪ್ರೀಂ ಕೋರ್ಟೇ ಜಾಮೀನು ಕೊಟ್ಟಿತ್ತು. ಆದೇಶದಲ್ಲಿ ಒಂದು ಉಪಕಲಂ ಬರೆದಿಲ್ಲ ಅನ್ನುವ ಕಾರಣಕ್ಕೆ ಜೈಲಿನವರು ಬಿಡಲಿಲ್ಲ. ಅವರು ಹೊರಬಂದದ್ದು ಜೂನ್ 24ಕ್ಕೆ. ಸುಪ್ರೀಂ ಕೋರ್ಟ್ ಇದನ್ನು ತೀವ್ರವಾಗಿ ಪರಿಗಣಿಸಿ, 5 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಕೊಡಲು ಅಲ್ಲಿನ ಸರ್ಕಾರಕ್ಕೆ ಆದೇಶಿಸಿತು. ಪರಿಹಾರ ಸಿಕ್ಕಿತು ನಿಜ, ಹೋದ ದಿನಗಳು ಬರುತ್ತವಾ? ಜಾಮೀನು ಆದೇಶ ಕೈಗೆ ಬಂದ ತಕ್ಷಣ ಕೋರ್ಟ್ ಹಾಲಿನ ಹೊರಗೇ ನಿಂತು ಎಫ್‌ಐಆರ್ ಜೊತೆ ತಾಳೆ ನೋಡಿ. ತಪ್ಪಿದ್ದರೆ ಅಂದೇ ಮೆಮೋ ಹಾಕಿ, ತುರ್ತು ಅಂತ ಹೇಳಿ.

ನಮ್ಮ ಹೈಕೋರ್ಟಿನಲ್ಲಿ, ಬೆಂಗಳೂರಾಗಲಿ ಧಾರವಾಡ, ಕಲಬುರಗಿ ಪೀಠಗಳಾಗಲಿ, ಆದೇಶದಲ್ಲಿ ಸಣ್ಣ ತಪ್ಪಿದ್ದರೆ ವಕೀಲರು ಮೆಮೋ ಹಾಕಿ "ಬೀಯಿಂಗ್ ಸ್ಪೋಕನ್ ಟು" ಅಂತ ಪಟ್ಟಿಗೆ ತರಿಸುತ್ತಾರೆ. ಗ್ರಾಹಕರ ಜಿಲ್ಲಾ ಆಯೋಗದ ಆದೇಶಕ್ಕೆ 2019ರ ಕಾಯ್ದೆಯ 40ನೇ ಕಲಂ ಇದೆ, ಗಡುವು 30 ದಿನ. ಮಧ್ಯಸ್ಥಿಕೆ ತೀರ್ಪಿಗೆ, ಅಂದರೆ ಆರ್ಬಿಟ್ರೇಷನ್ ಅವಾರ್ಡಿಗೆ, 1996ರ ಕಾಯ್ದೆಯ 33ನೇ ಕಲಂ. ಅವಾರ್ಡ್ ಕೈಗೆ ಬಂದ 30 ದಿನದೊಳಗೆ ಕೇಳಬೇಕು. ಲೋಕ ಅದಾಲತ್ತಿನಲ್ಲಿ ರಾಜಿ ಆಗುವಾಗ ಸಹಿ ಹಾಕುವ ಮೊದಲೇ ಷೆಡ್ಯೂಲ್ ಓದಿ, ಯಾಕೆಂದರೆ ಅದರ ಮೇಲೆ ಅಪೀಲು ಇಲ್ಲ.

ಆದೇಶ ಸಿಕ್ಕಿದ ಮೇಲಿನ ಕೆಲಸ

"ಅರ್ಜಿ ಪುರಸ್ಕರಿಸಲಾಗಿದೆ" ಅಂತ ಕೇಳಿಸಿಕೊಂಡು ಊರಿಗೆ ಬಸ್ಸು ಹತ್ತಬೇಡಿ. ಆ ಆದೇಶ ಒಂದು ಕಾಗದ, ತಿದ್ದಿದ ಡಿಕ್ರಿ ಇನ್ನೊಂದು. ಕಚೇರಿಯಲ್ಲಿ ತಿದ್ದುಪಡಿಯಾದ ಡಿಕ್ರಿ ತಯಾರಾಗಿ ಸಹಿ ಬೀಳಬೇಕು. ನಡುನಡುವೆ ವಿಚಾರಿಸುತ್ತಿರಿ. ಸಿದ್ಧವಾದ ಮೇಲೆ ಎರಡರದ್ದೂ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಕನಿಷ್ಠ ಎರಡು ಸೆಟ್ ತೆಗೆದುಕೊಳ್ಳಿ. ಒಂದು ಕಂದಾಯ ಕಚೇರಿಗೆ, ಒಂದು ಮನೆಗೆ.

ಅಮಲ್ಜಾರಿ ಅರ್ಜಿ ಈಗಾಗಲೇ ನಡೆಯುತ್ತಿದ್ದರೆ ತಿದ್ದಿದ ಡಿಕ್ರಿಯನ್ನು ಅಲ್ಲಿಗೂ ಕೊಟ್ಟು, ಅಲ್ಲಿನ ಷೆಡ್ಯೂಲನ್ನೂ ಅದಕ್ಕೆ ತಕ್ಕಂತೆ ಬದಲಾಯಿಸಬೇಕು. ಡಿಕ್ರಿ ಜಾರಿಗೆ ಸಾಮಾನ್ಯವಾಗಿ 12 ವರ್ಷದ ಗಡುವು ಇದೆ. ತಿದ್ದುಪಡಿಗೆ ಗಡುವಿಲ್ಲ ಅಂತ ನಂಬಿಕೊಂಡು ಈ ಗಡುವನ್ನು ಕಳೆದುಕೊಳ್ಳಬೇಡಿ. ಅದು ಹತ್ತಿರ ಬಂದಿದ್ದರೆ ತಿದ್ದುಪಡಿಗೆ ಕಾಯದೆ ಅಮಲ್ಜಾರಿ ಅರ್ಜಿ ಹಾಕಿಬಿಡಿ. ಪಾಲಿನ ಫೈನಲ್ ಡಿಕ್ರಿಯಾಗಿದ್ದು ಛಾಪಾ ಕಾಗದದ ಮೇಲೆ ಬರೆಸಿ ನೋಂದಣಿ ಮಾಡಿಸಿದ್ದರೆ, ತಿದ್ದಿದ್ದನ್ನೂ ಉಪ ನೋಂದಣಿ ಕಚೇರಿಯಲ್ಲಿ ದಾಖಲಿಸಬೇಕು. ಇಲ್ಲದಿದ್ದರೆ ಮುಂದೆ ಋಣಭಾರ ಪತ್ರ ತೆಗೆದಾಗ ಹಳೆಯ ತಪ್ಪು ನಂಬರೇ ಬರುತ್ತಿರುತ್ತದೆ.

ಆಮೇಲೆ ಮ್ಯುಟೇಷನ್, ಅಂದರೆ ಖಾತೆ ಬದಲಾವಣೆಯ ಅರ್ಜಿ. ತಿದ್ದಿದ ಡಿಕ್ರಿ, ತಿದ್ದುಪಡಿ ಆದೇಶ ಎರಡನ್ನೂ ಕೊಟ್ಟು ಸ್ವೀಕೃತಿ ಪಡೆಯಿರಿ. ಹಳೆಯ ಡಿಕ್ರಿಯ ನಕಲನ್ನು ಎಸೆಯಬೇಡಿ. ಅದರ ಮೇಲೊಂದು ಚೀಟಿ ಅಂಟಿಸಿ, ಯಾವ ದಿನ, ಯಾವ ಆದೇಶದಿಂದ ತಿದ್ದುಪಡಿ ಆಯಿತು ಅಂತ ಬರೆದು, ಹೊಸದರ ಹಿಂದೆ ಪಿನ್ ಮಾಡಿಡಿ. ಹೊಸ ಪಹಣಿ ಬಂದ ದಿನ ಮತ್ತೆ ಅದೇ ಕೆಲಸ. ಒಬ್ಬರು ಜೋರಾಗಿ ಓದಲಿ, ಇನ್ನೊಬ್ಬರು ಬೆರಳಿಟ್ಟು ನೋಡಲಿ. ನಮ್ಮ ಮನೆಯಲ್ಲಿ ಆ ದಿನ ಓದಿದ್ದು ನನ್ನ ಮಗಳು, ಡಿಕ್ರಿಯ ಮೇಲೆ ಬೆರಳಿಟ್ಟು ಕೂತಿದ್ದು ಅಮ್ಮ. "ಸರ್ವೆ ನಂಬರ್ ನೂರಾ ಹನ್ನೆರಡು ಬಾರ್ ಮೂರು" ಅಂದಾಗ ಅಮ್ಮ ಇನ್ನೊಂದು ಸಲ ಓದಿಸಿದರು.